ಡೆಲ್ಫೀನ್ ಸೆರಿಗ್ ಅಂದರೆ ಬರೀ ಚೆಲುವಲ್ಲ

ನಮಸ್ಕಾರ. ಇವತ್ತು ಫ್ರೆಂಚ್ ನಟಿ ಡೆಲ್ಫೀನ್ ಸೆರಿಗ್ ಬಗ್ಗೆ ಮಾತಾಡಬೇಕು. ಅವರ ಹೆಸರು ಎತ್ತಿದರೆ ಸಾಕು, ಎಲ್ಲರೂ 1961ರ 'ಲಾಸ್ಟ್ ಇಯರ್ ಅಟ್ ಮರಿಯನ್‌ಬಾದ್' ಅನ್ನುತ್ತಾರೆ. ಅರಮನೆಯಂಥ ಹೋಟೆಲು, ಗರಿಗಳ ಉಡುಪು, ಎತ್ತಲೋ ನೋಡುವ ಕಣ್ಣು. ಆ ಪಾತ್ರಕ್ಕೆ ಒಂದು ಹೆಸರೂ ಇಲ್ಲ. ಸಿನಿಮಾ ವೆನಿಸ್ ಚಿತ್ರೋತ್ಸವದಲ್ಲಿ ದೊಡ್ಡ ಪ್ರಶಸ್ತಿ ಗೋಲ್ಡನ್ ಲಯನ್ ಗೆದ್ದಿತು, ಸೆರಿಗ್ ರಾತ್ರೋರಾತ್ರಿ ಹೆಸರಾದರು. ಆದರೆ ಅವರನ್ನು ಆ ಉಡುಪಿನಲ್ಲೇ ಕಟ್ಟಿಹಾಕಿ ನೆನಪಿಟ್ಟುಕೊಳ್ಳುವುದು ಅನ್ಯಾಯ ಅಂತ ನನಗನ್ನಿಸುತ್ತದೆ.

ಯಾಕೆ ಅಂತೀರಾ? ಮುಂದೆ ಟ್ರೂಫೊ, ಬುನ್ಯುಯೆಲ್, ಡೆಮಿ ಥರದ ದೊಡ್ಡ ನಿರ್ದೇಶಕರೆಲ್ಲ ಅವರನ್ನು ಕರೆದರು. ಹಾಯಾಗಿ ಅದೇ ದಾರಿಯಲ್ಲಿ ಹೋಗಬಹುದಿತ್ತು. ಅವರು ಮಾಡಿದ್ದೇ ಬೇರೆ. 1971ರಲ್ಲಿ ಫ್ರಾನ್ಸಿನಲ್ಲಿ ಗರ್ಭಪಾತ ಅಪರಾಧವಾಗಿತ್ತು. 'ನಾನೂ ಮಾಡಿಸಿಕೊಂಡಿದ್ದೇನೆ' ಅಂತ 343 ಹೆಂಗಸರು ಪತ್ರಿಕೆಯಲ್ಲಿ ಬಹಿರಂಗವಾಗಿ ಸಹಿ ಹಾಕಿದರು. ಅದರಲ್ಲಿ ಸೆರಿಗ್ ಸಹಿಯೂ ಇತ್ತು. ಸ್ಟಾರ್ ಒಬ್ಬರಿಗೆ ಇದು ಸಣ್ಣ ಮಾತಲ್ಲ.

ಆಮೇಲೆ 1975ರ 'ಜಾನ್ ಡೀಲ್‌ಮನ್'. ಕಾನ್ ಚಿತ್ರೋತ್ಸವದಲ್ಲಿ ಅದನ್ನು ತೋರಿಸಿದಾಗ ನಿರ್ದೇಶಕಿ ಶಾಂತಾಲ್ ಅಕರ್‌ಮಾನ್‌ಗೆ ಇನ್ನೂ 25 ತುಂಬಿರಲಿಲ್ಲ. ಸಿನಿಮಾ ಮೂರು ಗಂಟೆಗಿಂತ ಜಾಸ್ತಿ. ಬ್ರಸೆಲ್ಸ್‌ನ ಒಬ್ಬ ವಿಧವೆ (ಸೆರಿಗ್), ಅವಳ ಮಗ, ಅಡುಗೆಮನೆ. ಮಧ್ಯಾಹ್ನ ಅವಳ ಹಾಸಿಗೆಗೆ ಗಿರಾಕಿಗಳು ಬರುತ್ತಾರೆ, ದುಡ್ಡು ಕೊಟ್ಟು ಹೋಗುತ್ತಾರೆ. ಎರಡನೇ ದಿನ ಆಲೂಗಡ್ಡೆ ಬೆಂದು ಹಾಳಾಗುತ್ತದೆ. ಅಷ್ಟೇ! ಪಾತ್ರೆ ಹಿಡಿದುಕೊಂಡು ಏನು ಮಾಡಬೇಕೋ ತೋಚದೆ ಮನೆಯೊಳಗೆ ಓಡಾಡುತ್ತಾಳೆ. ಬೇರೆ ಆಲೂಗಡ್ಡೆ ತಂದು ಸಿಪ್ಪೆ ಸುಲಿಯಲು ಕೂರುತ್ತಾಳೆ. ಕ್ಯಾಮೆರಾ ಅಲ್ಲಾಡುವುದಿಲ್ಲ. ಸಂಗೀತವಿಲ್ಲ, ಮಾತಿಲ್ಲ, ಅಳುವೂ ಇಲ್ಲ. ಸೆರಿಗ್ ಕೈ ನೋಡಿ, ಈ ಹೆಂಗಸಿನ ಬದುಕು ಹಳಿ ತಪ್ಪುತ್ತಿದೆ ಅಂತ ನಮಗೆ ಗೊತ್ತಾಗಿಬಿಡುತ್ತದೆ. ಇದಕ್ಕಿಂತ ದೊಡ್ಡ ನಟನೆ ನಾನು ನೋಡಿಲ್ಲ. ಚೆಲುವೆ ಅಂತ ಹೆಸರಾದವರು ಆ ಚೆಲುವನ್ನು ಪಕ್ಕಕ್ಕಿಟ್ಟು ಹೀಗೆ ಕೂರಬೇಕಾದರೆ ಎಷ್ಟು ಧೈರ್ಯ ಬೇಕು, ಅಲ್ವಾ? 2022ರಲ್ಲಿ ಬ್ರಿಟನ್ನಿನ 'ಸೈಟ್ ಆ್ಯಂಡ್ ಸೌಂಡ್' ಸಿನಿಮಾ ಪತ್ರಿಕೆ ಸಾರ್ವಕಾಲಿಕ ಶ್ರೇಷ್ಠ ಸಿನಿಮಾಗಳಿಗಾಗಿ ನಡೆಸಿದ ವಿಮರ್ಶಕರ ಮತದಾನದಲ್ಲಿ ಈ ಸಿನಿಮಾ ಮೊದಲ ಸ್ಥಾನಕ್ಕೆ ಬಂತು. ಅದನ್ನು ಹೊಗಳಿದವರಲ್ಲಿ ಎಷ್ಟೋ ಜನ ನಿರ್ದೇಶಕಿಯ ಬಗ್ಗೆ ಮಾತ್ರ ಬರೆದರು. ನನಗೆ ಅದು ಬೇಜಾರಾಯಿತು.

'ಜಾನ್ ಡೀಲ್‌ಮನ್' ಬಂದ ಹೊತ್ತಿಗೇ ಸೆರಿಗ್ ತಾವೇ ಒಂದು ಸಾಕ್ಷ್ಯಚಿತ್ರದ ನಿರ್ದೇಶನಕ್ಕೂ ಇಳಿದರು. ಗೆಳತಿ ಕರೋಲ್ ರೂಸೊಪುಲೋಸ್ ಕ್ಯಾಮೆರಾ ಹಿಡಿದರು. ಇಪ್ಪತ್ತಕ್ಕೂ ಹೆಚ್ಚು ನಟಿಯರನ್ನು ಕೂರಿಸಿಕೊಂಡು ಸೆರಿಗ್ ಕೇಳಿದರು: ನೀವು ಗಂಡಸಾಗಿದ್ದರೆ ಈ ಕೆಲಸಕ್ಕೆ ಬರುತ್ತಿದ್ದಿರಾ? ಅಮೆರಿಕದ ನಟಿ ಜೇನ್ ಫೋಂಡಾ ತಮ್ಮ ಹಾಲಿವುಡ್‌ನ ಮೊದಲ ದಿನಗಳನ್ನು ಹೇಳಿಕೊಳ್ಳುತ್ತಾರೆ. ಕೂದಲಿಗೆ ಬಣ್ಣ ಹಚ್ಚಿ ಅಂದರಂತೆ. ಕೆನ್ನೆ ಒಳಗೆ ಹೋದಂತೆ ಕಾಣಲು ದವಡೆ ಮುರಿಸಿಕೊಳ್ಳುವ ಸಲಹೆಯೂ ಬಂತಂತೆ. ಕೇಳಿದರೆ ಮೈ ಉರಿಯುತ್ತದೆ. ಸೆರಿಗ್ ನಡುವೆ ಬಾಯಿ ಹಾಕುವುದಿಲ್ಲ, ಸುಮ್ನೆ ಕೇಳಿಸಿಕೊಳ್ಳುತ್ತಾರೆ. ಇಂಥ ಮಾತುಗಳನ್ನು ಜಗತ್ತು ಕಿವಿಗೊಟ್ಟು ಕೇಳಲು ಇನ್ನೂ ನಾಲ್ಕು ದಶಕ ಬೇಕಾಯಿತು.

1982ರಲ್ಲಿ ರೂಸೊಪುಲೋಸ್ ಮತ್ತು ಇಯೊವಾನಾ ವೀಡರ್ ಜೊತೆ ಸೇರಿ ಪ್ಯಾರಿಸ್‌ನಲ್ಲಿ ಹೆಂಗಸರ ವಿಡಿಯೊಗಳನ್ನು ಕಾಪಾಡುವ ಕೇಂದ್ರ ಕಟ್ಟಿದರು. ಅದಕ್ಕೆ ಸ್ತ್ರೀವಾದಿ ಲೇಖಕಿ ಸಿಮೋನ್ ದ ಬೊವಾ ಹೆಸರಿಟ್ಟರು. 1990ರಲ್ಲಿ, 58ನೇ ವಯಸ್ಸಿಗೇ ತೀರಿಕೊಂಡರು.

ಇವರ ಸಿನಿಮಾ ಇನ್ನೂ ನೋಡದವರಿಗೆ ನನ್ನದೊಂದು ಕೋರಿಕೆ. 'ಮರಿಯನ್‌ಬಾದ್' ಆಮೇಲೆ ನೋಡಿದರಾಯಿತು. ಮೊದಲು ಒಂದು ಭಾನುವಾರ ಫೋನ್ ಬದಿಗಿಟ್ಟು 'ಜಾನ್ ಡೀಲ್‌ಮನ್' ನೋಡಿ. ಪೂರ್ತಿ ನೋಡಿ, ಓಡಿಸಬೇಡಿ.