ಅಪೀಲುದಾರ ತೀರಿಹೋದ ಮೇಲೆ

ಎಲ್ಲರಿಗೂ ನಮಸ್ಕಾರ. ಈ ಮಳೆಯಲ್ಲೂ ಬಂದಿದ್ದೀರಿ. ಕರಿಕೋಟಿನವರಿಗಿಂತ ತೋಟದವರೇ ಹೆಚ್ಚು ಕಾಣುತ್ತಿದ್ದಾರೆ, ಹಾಗಾಗಿ ಕೋರ್ಟಿನ ಭಾಷೆ ಕಡಿಮೆ ಮಾಡುತ್ತೇನೆ.

ಒಂದು ಮನೆಯನ್ನು ಊಹಿಸಿಕೊಳ್ಳಿ. ಬೇಲಿ ಜಗಳ ಕೈಮೀರಿ ಒಬ್ಬರ ಜೀವ ಹೋಗಿದೆ. ಮಡಿಕೇರಿಯ ಸೆಷನ್ಸ್ ಕೋರ್ಟು ಮನೆಯ ಹಿರಿಯನಿಗೆ ಜೀವಾವಧಿ ಶಿಕ್ಷೆ, ಜೊತೆಗೆ ದಂಡ ವಿಧಿಸಿದೆ. ಬೆಂಗಳೂರಿನ ಹೈಕೋರ್ಟಿಗೆ ಅಪೀಲು ಹೋಗಿದೆ, ಸರದಿ ಬಂದಿಲ್ಲ. ಅಷ್ಟರಲ್ಲಿ ಆತ ತೀರಿಕೊಂಡ. ಮನೆಯವರು ಕೇಳುತ್ತಾರೆ: "ಆಳೇ ಹೋದಮೇಲೆ ಕೇಸೂ ಹೋದಂತೆಯೇ ಅಲ್ಲವಾ ವಕೀಲರೇ?"

ಅಲ್ಲ. ಸುಮ್ಮನೆ ಕೂತರೆ ಸಾಮಾನ್ಯವಾಗಿ ಸಾಯುವುದು ಅಪೀಲು. ಅಪರಾಧಿ ಎಂದ ತೀರ್ಪು ಹಾಗೇ ಉಳಿಯುತ್ತದೆ. ನಾವು ವಕೀಲರು "ಅಬೇಟ್ ಆಯಿತು" ಎನ್ನುವುದು ಇದಕ್ಕೇ. ಅಮೆರಿಕದ ಹಲವು ಕಡೆ ಇದೇ ಮಾತಿನ ಅರ್ಥ ತಿರುಗುಮುರುಗು: ಅಲ್ಲಿ ತೀರ್ಪೇ ಅಳಿಸಿಹೋಗುತ್ತದೆ. ಫುಟ್ಬಾಲ್ ಆಟಗಾರ ಆರನ್ ಹರ್ನಾಂಡೆಜ್ 2017ರಲ್ಲಿ ಜೈಲಿನಲ್ಲಿ ಸತ್ತಾಗ ಅವನ ಕೊಲೆ ಶಿಕ್ಷೆ ರದ್ದಾಯಿತು. 2019ರಲ್ಲಿ ಮ್ಯಾಸಚೂಸೆಟ್ಸ್‌ನ ಮೇಲಿನ ಕೋರ್ಟು ಆ ಹಳೆಯ ನಿಯಮವನ್ನೇ ಕೈಬಿಟ್ಟು ಶಿಕ್ಷೆಯನ್ನು ಮತ್ತೆ ಊರ್ಜಿತಗೊಳಿಸಿತು.

ನಮ್ಮಲ್ಲಿ 1898ರ ಕಾನೂನು ಇನ್ನೂ ಕಠಿಣವಾಗಿತ್ತು. 1964ರಲ್ಲಿ ಬೊಂಡಾಡ ಗಜಪತಿ ರಾವ್ ಪ್ರಕರಣದಲ್ಲಿ ಮನೆಯವರು "ಅಪೀಲು ನಾವು ನಡೆಸುತ್ತೇವೆ" ಎಂದು ಸುಪ್ರೀಂ ಕೋರ್ಟಿನ ಮುಂದೆ ನಿಂತರೂ ಬಾಗಿಲು ತೆರೆಯಲಿಲ್ಲ. 1973ರ ದಂಡ ಪ್ರಕ್ರಿಯಾ ಸಂಹಿತೆಯ 394ನೇ ಕಲಮು ಆ ಬಾಗಿಲಿಗೊಂದು ಕಿಂಡಿ ಮಾಡಿತು. 2024ರ ಜುಲೈ 1ರಿಂದ ಅದೇ ಮಾತು ಅದರ ಜಾಗಕ್ಕೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 435ನೇ ಕಲಮಿನಲ್ಲಿದೆ. ಮರಣದಂಡನೆ ಅಥವಾ ಜೈಲು ಶಿಕ್ಷೆಯ ವಿರುದ್ಧದ ಅಪೀಲಾದರೆ, ಸಾವಾದ 30 ದಿನದೊಳಗೆ ಹತ್ತಿರದ ಸಂಬಂಧಿ ಅನುಮತಿ ಕೇಳಬಹುದು. ಸಿಕ್ಕರೆ ಅಪೀಲು ಉಳಿಯುತ್ತದೆ.

30 ದಿನ! ಮಾದ, ಅಂದರೆ ಸತ್ತವರ ಉತ್ತರಕ್ರಿಯೆ, ಮುಗಿಸಿ, ನೆಂಟರನ್ನು ಕಳಿಸಿ, ಮರಣ ಪತ್ರಕ್ಕೆ ಅಲೆಯುವಷ್ಟರಲ್ಲಿ ಅರ್ಧ ಕಳೆದಿರುತ್ತದೆ. ತಡವಾದರೆ ಕಾರಣ ಹೇಳಿ ಮನ್ನಿಸಿ ಎಂದು ಕೇಳುವ ದಾರಿ ಇದೆ, ಆದರೆ ಅದು ಕೋರ್ಟಿನ ಕೃಪೆ.

ಸರ್ಕಾರ ಹಾಕಿದ ಅಪೀಲಿನ ಕಥೆ ಬೇರೆ. ಜಯಲಲಿತಾ ಅವರಿಗೆ 2014ರಲ್ಲಿ ಬೆಂಗಳೂರಿನ ವಿಶೇಷ ನ್ಯಾಯಾಲಯ 4 ವರ್ಷ ಜೈಲು, 100 ಕೋಟಿ ದಂಡ ವಿಧಿಸಿತು. 2015ರಲ್ಲಿ ಹೈಕೋರ್ಟು ಬಿಡುಗಡೆ ಮಾಡಿತು. ಕರ್ನಾಟಕ ಸರ್ಕಾರ ಸುಪ್ರೀಂ ಕೋರ್ಟಿಗೆ ಹೋಯಿತು. ತೀರ್ಪು ಕಾದಿರಿಸಿದ್ದಾಗ, 2016ರ ಡಿಸೆಂಬರ್ 5ರಂದು ಅವರು ತೀರಿಕೊಂಡರು. 2017ರ ಫೆಬ್ರವರಿಯಲ್ಲಿ ಅದೇ ಕೇಸಿನ ಉಳಿದ ಮೂವರು ಆರೋಪಿಗಳು ಜೈಲಿಗೆ ಹೋದರು. ಜಯಲಲಿತಾ ಅವರ ಮಟ್ಟಿಗೆ ಮಾತ್ರ ಅಪೀಲು ಮುಗಿಯಿತು. ದಂಡದ ಮಾತೆತ್ತಿ ಸರ್ಕಾರ ಮರುಪರಿಶೀಲನೆ ಕೇಳಿದರೂ ನಡೆಯಲಿಲ್ಲ.

ಈಗ ನಮ್ಮ ಬೇಲಿ ಜಗಳಕ್ಕೆ ವಾಪಸು ಬರೋಣ. ಅಲ್ಲಿ ದಂಡವೂ ಇತ್ತಲ್ಲ? ಜೈಲನ್ನು ಸತ್ತವನ ಬದಲು ಯಾರೂ ಅನುಭವಿಸಲಾರರು. ದಂಡ ಹಾಗಲ್ಲ, ಅದು ಆತ ಬಿಟ್ಟುಹೋದ ಆಸ್ತಿಯ ಬೆನ್ನು ಹತ್ತುತ್ತದೆ. ಅದಕ್ಕೇ ದಂಡದ ಮೇಲಿನ ಅಪೀಲು ಸಾವಿನಿಂದ ಕೊನೆಯಾಗದು. ಜೈಲು, ದಂಡ ಎರಡೂ ಸೇರಿದ ಶಿಕ್ಷೆಗೂ ಇದು ಅನ್ವಯ ಎಂದು ಸುಪ್ರೀಂ ಕೋರ್ಟು 1974ರಲ್ಲಿ ಹರನಾಮ್ ಸಿಂಗ್ ಪ್ರಕರಣದಲ್ಲಿ ಹೇಳಿತು, 2020ರಲ್ಲಿ ಕೇರಳದ ರಮೇಶನ್ ಪ್ರಕರಣದಲ್ಲಿ ಮತ್ತೆ ಹೇಳಿತು. ಇದನ್ನು ಮರೆತು "ಆಸಾಮಿ ಇಲ್ಲ, ಫೈಲು ಮುಚ್ಚಿ" ಎನ್ನುವ ವಕೀಲರನ್ನು ನಾನೇ ಕಂಡಿದ್ದೇನೆ.

ಕೊಡಗಿನವರು ವಿಶೇಷವಾಗಿ ಗಮನಿಸಬೇಕಾದ್ದು ಆ "ಹತ್ತಿರದ ಸಂಬಂಧಿ" ಎಂಬ ಮಾತು. ತಂದೆ, ತಾಯಿ, ಗಂಡ ಅಥವಾ ಹೆಂಡತಿ, ಮಕ್ಕಳು ಮೊಮ್ಮಕ್ಕಳು, ಒಡಹುಟ್ಟಿದವರು. ಪಟ್ಟಿ ಅಷ್ಟೇ. ನಮ್ಮ ಒಕ್ಕದ, ಅಂದರೆ ಒಂದೇ ಮನೆತನದ ದೊಡ್ಡ ಕುಟುಂಬದ, ಲೆಕ್ಕ ಕಾನೂನಿಗೆ ಗೊತ್ತಿಲ್ಲ. ಮದುವೆಯಾಗದ ಚಿಕ್ಕಪ್ಪನನ್ನು ಕೊನೆಯವರೆಗೂ ನೋಡಿಕೊಂಡ ಅಣ್ಣನ ಮಗ ಈ ಪಟ್ಟಿಯಲ್ಲಿಲ್ಲ. ಒಕ್ಕದ ಯಜಮಾನನಾದ ಪಟ್ಟೇದಾರನೂ ಇಲ್ಲ. ಚಿಕ್ಕಪ್ಪನ ಅಕ್ಕ ಎಲ್ಲೋ ಗೋಣಿಕೊಪ್ಪದಲ್ಲಿ ಮಗಳ ಮನೆಯಲ್ಲಿದ್ದರೆ, ಮೊದಲು ಅವರ ಬಳಿ ಹೋಗಿ ಸಹಿ ಹಾಕಿಸಿಕೊಂಡು ಬನ್ನಿ.