ಹೊಗಳಿಕೆ ಸಾಲದ ಮನಸ್ಸು

ಕೇಳುಗರಿಗೆ ನಮಸ್ಕಾರ.

ತಂಗಿಗೆ ಒಳ್ಳೆಯ ಕೆಲಸ ಸಿಕ್ಕಿದೆ. ಊಟಕ್ಕೆ ಕುಳಿತ ಮನೆಮಂದಿಯೆಲ್ಲ ಅವಳನ್ನೇ ಮಾತನಾಡಿಸುತ್ತಿದ್ದಾರೆ. ಅಣ್ಣ ಮಾತ್ರ ತಟ್ಟೆಯಿಂದ ತಲೆ ಎತ್ತುತ್ತಿಲ್ಲ. ಸ್ವಲ್ಪ ಹೊತ್ತಾದ ಮೇಲೆ, ‘ನಾನು ಅರ್ಜಿ ತಿದ್ದಿಕೊಡದಿದ್ದರೆ ಇವಳಿಗೆಲ್ಲಿ ಸಿಗುತ್ತಿತ್ತು?’ ಎನ್ನುತ್ತಾನೆ. ಯಾರೋ ಕಿಸಕ್ಕನೆ ನಗುತ್ತಾರೆ. ಅಷ್ಟೇ ಸಾಕು, ಕೈ ತೊಳೆದು ಎದ್ದು ಹೋದವನು ವಾರವಾದರೂ ಯಾರೊಂದಿಗೂ ಮಾತನಾಡುವುದಿಲ್ಲ.

ಜಂಬದ ಕೋಳಿ ಎಂದು ಕರೆದು ಸುಮ್ಮನಾಗಬಹುದು. ಒಂದು ದಿನದ ಸಿಡುಕನ್ನು ನೋಡಿ ಕಾಯಿಲೆಯ ಹೆಸರು ಹೇಳುವಂತೆಯೂ ಇಲ್ಲ. ಆದರೆ ಹರೆಯದಿಂದಲೂ ಮನೆ, ಕಚೇರಿ, ಗೆಳೆತನ ಎಲ್ಲೆಡೆ ಇದೇ ವರಸೆ ನಡೆದುಬಂದು ಬದುಕನ್ನೇ ಹದಗೆಡಿಸಿದ್ದರೆ, ಮನೋವೈದ್ಯರು ಅದನ್ನು ನಾರ್ಸಿಸಿಸ್ಟಿಕ್ ವ್ಯಕ್ತಿತ್ವ ದೋಷ ಎಂದು ಗುರುತಿಸಬಹುದು. ಅಮೆರಿಕದ ಮನೋವೈದ್ಯಕೀಯ ಸಂಘದ ಕೈಪಿಡಿಗೆ ಇದು ಸೇರಿದ್ದು 1980ರಲ್ಲಿ. ಈಗ ಅದರಲ್ಲಿ 9 ಲಕ್ಷಣಗಳಿವೆ, ಕನಿಷ್ಠ 5 ಕಾಣಬೇಕು. ನನ್ನ ಮಟ್ಟಿಗೆ ಅವುಗಳಲ್ಲಿ ಮುಖ್ಯವಾದವು ಎರಡು: ಹೊಗಳಿಕೆಯ ತೀರದ ಹಸಿವು, ಇನ್ನೊಬ್ಬರ ನೋವು ತಟ್ಟದ ಮನಸ್ಸು.

ಹೆಸರು ಗ್ರೀಕ್ ಪುರಾಣದ್ದು. ಕೊಳದಲ್ಲಿ ಕಂಡ ತನ್ನದೇ ಬಿಂಬಕ್ಕೆ ಮನಸೋತು, ಅಲ್ಲಿಂದ ಕದಲದೆ ಸೊರಗಿಹೋದ ಯುವಕ ನಾರ್ಸಿಸಸ್. ಈ ಕಥೆ ನಮ್ಮನ್ನು ಸ್ವಲ್ಪ ದಾರಿ ತಪ್ಪಿಸುತ್ತದೆ. ಅವನಿಗೆ ಕೊಳದ ನೀರು ಸಾಕಾಗಿತ್ತು, ಬೇರೆ ಯಾರೂ ಬೇಕಿರಲಿಲ್ಲ. ನಮ್ಮ ಅಣ್ಣನಿಗೆ ಹಾಗಲ್ಲ. ತನ್ನ ಬೆಲೆ ಎಷ್ಟೆಂದು ಯಾರಾದರೂ ದಿನವೂ ಹೇಳುತ್ತಿರಬೇಕು. ಒಂದು ದಿನ ತಪ್ಪಿದರೆ ಒಳಗೆ ಏನೋ ಕುಸಿಯುತ್ತದೆ. ಆ ಕುಸಿತವೇ ಹೊರಗೆ ಸಿಟ್ಟಾಗಿ, ಚುಚ್ಚುಮಾತಾಗಿ ಕಾಣುತ್ತದೆ. ಕೆಲವರಲ್ಲಿ ಬಡಾಯಿಯೂ ಇರುವುದಿಲ್ಲ. ಮೂಲೆಯಲ್ಲಿ ಕುಳಿತು, ತಮ್ಮ ಯೋಗ್ಯತೆ ಯಾರಿಗೂ ತಿಳಿಯಲಿಲ್ಲವೆಂದು ಕೊರಗುತ್ತಾರೆ. ಇಂಥವರನ್ನು ನಾಚಿಕೆ ಸ್ವಭಾವದವರೆಂದುಕೊಂಡು ಮೋಸಹೋಗುತ್ತೇವೆ.

ಇದಕ್ಕೆ ಒಂದೇ ಕಾರಣವೆಂಬುದಿಲ್ಲ. ಹುಟ್ಟುಗುಣ, ಬಾಲ್ಯದ ಅತಿಮುದ್ದು ಅಥವಾ ಅತಿಯಾದ ಟೀಕೆ, ಅಲಕ್ಷ್ಯ ಎಲ್ಲವೂ ಬೆರೆತಿರಬಹುದು.

ಈ ದೋಷಕ್ಕೆಂದೇ ಮಾಡಿದ ಮಾತ್ರೆಯಿಲ್ಲ. ಇರುವುದು ತಿಂಗಳುಗಟ್ಟಲೆ, ಕೆಲವೊಮ್ಮೆ ವರ್ಷಗಟ್ಟಲೆ ನಡೆಯುವ ಮನೋಚಿಕಿತ್ಸೆ. ತೊಡಕು ಇರುವುದು ವೈದ್ಯರ ಬಾಗಿಲಿನವರೆಗೆ ಬರುವುದರಲ್ಲಿ. ತಪ್ಪೆಲ್ಲ ಬೇರೆಯವರದು ಎಂದು ನಂಬಿದವರು ಚಿಕಿತ್ಸೆಗೆ ಏಕೆ ಬಂದಾರು? ಕೆಲಸ ಹೋದಾಗ, ಮದುವೆ ಮುರಿದಾಗ, ಖಿನ್ನತೆ ಕವಿದಾಗ ಬರುತ್ತಾರೆ. ಬಂದವರು ನಿಧಾನವಾಗಿ ಬದಲಾಗಬಲ್ಲರು.

ಜೊತೆಗೆ ಬಾಳುವವರಿಗೆ ಒಂದು ಮಾತು. ‘ನಿನಗೆ ಈ ಕಾಯಿಲೆಯಿದೆ’ ಎಂದು ಜಗಳದ ನಡುವೆ ಎಸೆದ ಮಾತಿನಿಂದ ಯಾರೂ ಗುಣವಾಗುವುದಿಲ್ಲ. ‘ಕೂಗಾಡಿದರೆ ನಾನು ಎದ್ದು ಹೋಗುತ್ತೇನೆ’ ಎಂದು ತಣ್ಣಗೆ ಹೇಳಿ, ಹೇಳಿದಂತೆ ಎದ್ದು ಹೋಗುವುದು ಮೇಲು. ಬೆದರಿಕೆ, ಹೊಡೆತ ಇದ್ದಲ್ಲಿ ಮೊದಲು ಸುರಕ್ಷಿತ ಜಾಗ, ಉಳಿದದ್ದೆಲ್ಲ ಆಮೇಲೆ. ಇನ್ನು ಆ ತಂಗಿ, ಅಣ್ಣ ಒಪ್ಪುವವರೆಗೆ ಕಾಯಬೇಕಾಗಿಲ್ಲ. ಆಪ್ತಸಮಾಲೋಚಕರ ಬಳಿಗೆ ಅವಳೊಬ್ಬಳೇ ಹೋಗಬಹುದು.

ನಮಸ್ಕಾರ.