ರಾಗ ಗೊತ್ತು, ಕಟ್ಟಿದವರು ಯಾರು?

ಚಿತ್ರದುರ್ಗದ ಹಿರಿಯರೇ, ಗೆಳೆಯರೇ, ಎಲ್ಲರಿಗೂ ನಮಸ್ಕಾರ.

‘ಮಾಲ್ಗುಡಿ ಡೇಸ್’ ಧಾರಾವಾಹಿಯ ಶುರುವಿನ ರಾಗ ಗುನುಗಿ ಅಂದರೆ ಇಲ್ಲಿರುವ ಅರ್ಧ ಜನ ಗುನುಗುತ್ತೀರಿ. ನಿರ್ದೇಶಕರು ಶಂಕರ್ ನಾಗ್ ಅನ್ನುವುದೂ ಗೊತ್ತು. ರಾಗ ಕಟ್ಟಿದವರು ಎಲ್. ವೈದ್ಯನಾಥನ್. ಈ ಹೆಸರು ಕೇಳಿದವರು ಕಡಿಮೆ, ಅಲ್ವಾ? ನನಗೆ ಇದು ಬೇಜಾರಿನ ಸಂಗತಿ.

ಅವರದು ಪಿಟೀಲಿನ ಮನೆತನ. ಪಿಟೀಲು ವಾದಕರಾದ ಎಲ್. ಸುಬ್ರಮಣ್ಯಂ, ಎಲ್. ಶಂಕರ್ ಇಬ್ಬರೂ ಅವರ ತಮ್ಮಂದಿರು. ಸಿನಿಮಾದಲ್ಲಿ ವೈದ್ಯನಾಥನ್ ಸಂಗೀತ ನಿರ್ದೇಶಕ ಜಿ.ಕೆ. ವೆಂಕಟೇಶ್ ಅವರಿಗೆ ಸಹಾಯಕರಾಗಿದ್ದರು. ಇಳಯರಾಜಾ ಕೂಡ ವೆಂಕಟೇಶ್ ಅವರ ಹತ್ತಿರವೇ ಪಳಗಿದವರು. ಸಿನಿಮಾ ಸಂಗೀತದ ಕೆಲಸಕ್ಕೆ ಅವರಿಗೆ ಅದೇ ಶಾಲೆ. 1987ರ ‘ಪುಷ್ಪಕ ವಿಮಾನ’ದಲ್ಲಿ ಮಾತೇ ಇಲ್ಲ. ಪಾತ್ರದ ಮನಸ್ಸಿನಲ್ಲಿ ಏನಿದೆ ಅನ್ನುವುದನ್ನು ನಟರ ಮುಖದ ಜೊತೆಗೆ ವೈದ್ಯನಾಥನ್ ಸಂಗೀತವೇ ಹೇಳಬೇಕಿತ್ತು. ಹಿನ್ನೆಲೆ ಸಂಗೀತ ಕಲಿಯುವವರು ಮೊದಲು ಅದನ್ನು ಕೂತು ನೋಡಿ.

ಕೆಲಸ ಹೇಗೆ ನಡೆಯುತ್ತದೆ? ನಮ್ಮ ಓಬವ್ವನ ಕಿಂಡಿಯನ್ನೇ ತಗೊಳ್ಳಿ. ಒನಕೆ ಎತ್ತಿ ಹೊಡೆಯಲು ಒಂದೂವರೆ ಸೆಕೆಂಡ್ ಅಂದುಕೊಳ್ಳೋಣ. ಸಿನಿಮಾದಲ್ಲಿ ಸೆಕೆಂಡಿಗೆ 24 ಫ್ರೇಮ್, ಅಂದರೆ 24 ಬಿಡಿ ಚಿತ್ರ. ಈ ಹೊಡೆತಕ್ಕೆ 36 ಫ್ರೇಮ್. ಗತಿ ನಿಮಿಷಕ್ಕೆ 120 ಬೀಟ್ ಇಟ್ಟರೆ ಸರಿಯಾಗಿ ಮೂರು ಬೀಟ್. ಕೊನೇ ಗಳಿಗೆಯಲ್ಲಿ ಎಡಿಟಿಂಗ್‌ನಲ್ಲಿ ಹತ್ತು ಫ್ರೇಮ್ ಕತ್ತರಿಸಿದರೆ ಲೆಕ್ಕ ತಪ್ಪಿತು, ಮತ್ತೆ ಮೊದಲಿಂದ ಕೂರಬೇಕು. ಇಷ್ಟೆಲ್ಲ ಲೆಕ್ಕ ಹಾಕಿದ ಮೇಲೂ ಮೂರೂ ಬೀಟಿಗೆ ನಗಾರಿ ಬಾರಿಸಬೇಡಿ ಅಂತ ನಾನು ಹೇಳುತ್ತೇನೆ. ಒನಕೆ ಮೇಲೆದ್ದಾಗ ವಾದ್ಯಗಳೆಲ್ಲ ನಿಲ್ಲಲಿ. ಆಕೆಯ ಉಸಿರು ಕೇಳಲಿ. ಎಲ್ಲಿ ಸುಮ್ಮನಿರಬೇಕು ಅನ್ನುವುದು ತಿಳಿಯಲು ವರ್ಷಗಟ್ಟಲೆ ಬೇಕು.

ದಿನದ ಧಾರಾವಾಹಿಯ ರೀತಿ ಬೇರೆ. ಅಲ್ಲಿ ಒಂದೊಂದು ದೃಶ್ಯಕ್ಕೂ ಹೊಸದಾಗಿ ಕಟ್ಟಲು ಟೈಮೇ ಸಿಗುವುದಿಲ್ಲ. ದುಃಖಕ್ಕೆ, ಭಯಕ್ಕೆ, ಮನೆಯ ಸಂಭ್ರಮಕ್ಕೆ ಅಂತ ಮೊದಲೇ ತುಣುಕು ಮಾಡಿಟ್ಟಿರುತ್ತಾರೆ. ಎಡಿಟರ್ ಬೇಕಾದಲ್ಲಿ ಜೋಡಿಸುತ್ತಾರೆ.

ಇನ್ನು ದುಡ್ಡಿನ ಮಾತು. ಇದನ್ನು ನಾಚಿಕೆ ಇಲ್ಲದೆ ಆಡಬೇಕು. 2012ರಲ್ಲಿ ಕೃತಿಸ್ವಾಮ್ಯ ಕಾಯ್ದೆಗೆ ತಿದ್ದುಪಡಿ ಬಂತು. ನೀವು ಕಟ್ಟಿದ ಸಂಗೀತ ಚಿತ್ರಮಂದಿರದಲ್ಲಿ ಸಿನಿಮಾ ಜೊತೆ ಬಂದರೆ ಅದಕ್ಕೆ ಈ ತಿದ್ದುಪಡಿಯ ಪಾಲು ಇಲ್ಲ. ಉಳಿದ ಕಡೆ ಬಳಸಿದಾಗ ಬರುವ ರಾಯಲ್ಟಿಯಲ್ಲಿ, ಅಂದರೆ ಬಳಕೆಗೆ ಕೊಡುವ ಹಣದಲ್ಲಿ, ನಿಮಗೆ ಸಮಪಾಲು ಇದೆ. ಅದನ್ನು ಬಿಟ್ಟುಕೊಟ್ಟೆ ಅಂತ ಸಹಿ ಹಾಕಿಸಿಕೊಂಡರೂ ಕಾನೂನು ಒಪ್ಪುವುದಿಲ್ಲ. ಆ ರಾಯಲ್ಟಿ ವಸೂಲಿ ಮಾಡಿ ಹಂಚಲು ಐಪಿಆರ್‌ಎಸ್ (ಇಂಡಿಯನ್ ಪರ್ಫಾರ್ಮಿಂಗ್ ರೈಟ್ ಸೊಸೈಟಿ) ಅನ್ನುವ ಸಂಸ್ಥೆ ಇದೆ. ಸದಸ್ಯರಾಗಿ, ನಿಮ್ಮ ಕೃತಿಗಳನ್ನು ಅಲ್ಲಿ ದಾಖಲಿಸಿ. ಟೈಟಲ್ ಕಾರ್ಡ್‌ನಲ್ಲಿ ಹೆಸರು ಬರಬೇಕು ಅನ್ನುವುದನ್ನು ಒಪ್ಪಂದದಲ್ಲೇ ಬರೆಸಿ. ನಿಮ್ಮ ಸಹಾಯಕರ ಹೆಸರೂ ಸೇರಿಸಿ.

ಒಪ್ಪಂದಪತ್ರ ತಂದಿರುವ ಹುಡುಗರು, ಹುಡುಗಿಯರು ಮುಂದಿನ ಸಾಲಿಗೆ ಬನ್ನಿ. ಸಹಿ ಹಾಕುವ ಮೊದಲು ಒಟ್ಟಿಗೆ ಓದೋಣ.